ಪಾಮಾಂಟ್ ಸಿಟಿಯ ದಫ್ತರ

2015ರ ಜುಲೈ 14ರಂದು 'ನೀಡ್ ಫಾರ್ ಸ್ಪೀಡ್: ವರ್ಲ್ಡ್' ಎಂಬ ಆನ್‌ಲೈನ್ ಕಾರ್ ರೇಸಿಂಗ್ ಆಟವನ್ನು ಅದರ ಒಡೆಯರಾದ ಎಲೆಕ್ಟ್ರಾನಿಕ್ ಆರ್ಟ್ಸ್ (ಇಎ) ಕಂಪನಿಯವರು ನಿಲ್ಲಿಸಿದರು. 2010ರ ಜುಲೈ 27ರಂದು ಶುರುವಾಗಿದ್ದ ಆಟ. ಐದು ವರ್ಷ ತುಂಬಲು ಹದಿಮೂರು ದಿನ ಬಾಕಿ ಇತ್ತು. ಆಟ ನಡೆಯುತ್ತಿದ್ದ ಊರು ನಮಗೆ ಪಾಮಾಂಟ್ ಸಿಟಿ. ಯಾವ ಭೂಪಟದಲ್ಲೂ ಸಿಗದ ಊರು. ಆದರೂ ನನ್ನ ವಯಸ್ಸಿನ ಎಷ್ಟೋ ಜನರಿಗೆ ಅದರ ತಿರುವುಗಳು ಇವತ್ತಿಗೂ ಬಾಯಿಪಾಠ.

ಈಗ ಆ ಊರು ಮತ್ತೆ ತೆರೆದಿದೆ. ತೆರೆದವರು ಅಲ್ಲಿ ಆಡುತ್ತಿದ್ದ ಜನರೇ. ಕಳೆದ ಮಳೆಗಾಲದಲ್ಲಿ ಪುಣೆಯ ಬಾಡಿಗೆ ಮನೆಯಲ್ಲಿ ಕೂತು ನಾನೂ ಕೆಲವು ವಾರ ಅಲ್ಲಿ ಓಡಾಡಿ ಬಂದೆ. ಓಡಾಡುವಾಗ ಕಾರಿಗಿಂತ ಹೆಚ್ಚಾಗಿ ತಲೆಯಲ್ಲಿ ಸುತ್ತಿದ್ದು ಒಂದು ಪ್ರಶ್ನೆ: ಒಂದು ಊರು ಮುಚ್ಚಿತು ಅಂದರೆ ನಿಜಕ್ಕೂ ಅಲ್ಲಿ ಮುಚ್ಚುವುದು ಏನು? ಮತ್ತೆ ತೆರೆಯಿತು ಅಂದರೆ ತಿರುಗಿ ಬಂದದ್ದು ಏನು? ಈ ಬರಹ ಆ ಪ್ರಶ್ನೆಯ ಬೆನ್ನು ಹತ್ತಿ ಬರೆದ ಪುಟ್ಟ ಚರಿತ್ರೆ.

ಎರಡು ಊರು ಸೇರಿ ಒಂದು

ಪಾಮಾಂಟ್ ಸಿಟಿ ಹೊಸದಾಗಿ ಕಟ್ಟಿದ ಊರಲ್ಲ. 2005ರಲ್ಲಿ ಬಂದ 'ಮೋಸ್ಟ್ ವಾಂಟೆಡ್' ಆಟದ ರಾಕ್‌ಪೋರ್ಟ್, 2006ರಲ್ಲಿ ಬಂದ 'ಕಾರ್ಬನ್' ಆಟದ ಪಾಮಾಂಟ್, ಈ ಎರಡು ಊರುಗಳನ್ನು ಹೊಲಿದು ಮಾಡಿದ್ದು. ಎರಡನ್ನೂ ಕಟ್ಟಿದ್ದು ಕೆನಡಾದ ವ್ಯಾಂಕೂವರ್‌ನಲ್ಲಿದ್ದ ಇಎ ಬ್ಲ್ಯಾಕ್ ಬಾಕ್ಸ್ ಸ್ಟುಡಿಯೊ. ಹೊಸ ಆಟದ ಕೆಲಸದಲ್ಲಿ ಇಎಯ ಸಿಂಗಪುರದ ಸ್ಟುಡಿಯೊ ಕೂಡ ಕೈಜೋಡಿಸಿತು. ನಮ್ಮ ಕಡೆಯ ಹುಡುಗರಿಗೆ ಈ ಹೊಲಿಗೆಯಿಂದ ಒಂದು ಲಾಭವಾಯಿತು. 'ಮೋಸ್ಟ್ ವಾಂಟೆಡ್' ಆಡದ ಸೈಬರ್ ಕೆಫೆ ಆಗ ಶಿವಮೊಗ್ಗದಲ್ಲಿ ನಾನಂತೂ ಕಂಡಿಲ್ಲ. ರೋಸ್‌ವುಡ್‌ನ ಗಾಲ್ಫ್ ಮೈದಾನ, ಕ್ಯಾಮ್ಡೆನ್ ಬೀಚಿನ ರಸ್ತೆ, ಪೊಲೀಸರಿಂದ ತಪ್ಪಿಸಿಕೊಳ್ಳುವ ಸಂದುಗೊಂದು ಎಲ್ಲ ಮೊದಲೇ ಗೊತ್ತು. ಹೊಸ ಊರಿಗೆ ಹೋದ ಮೊದಲ ದಿನವೇ ನಾವು ಹಳೆ ನಿವಾಸಿಗಳು.

ವ್ಯತ್ಯಾಸ ಇದ್ದದ್ದು ಒಂದೇ. ಹಳೆ ಆಟದಲ್ಲಿ ರಸ್ತೆ ತುಂಬ ಕಂಪ್ಯೂಟರ್ ಓಡಿಸುವ ಕಾರುಗಳು. ಇಲ್ಲಿ ಎದುರಿಗೆ ಬರುವ ಕಾರಿನೊಳಗೆ ಒಬ್ಬ ಮನುಷ್ಯ ಇದ್ದಾನೆ. ಪೋಲೆಂಡಿನವನೋ ಬ್ರೆಜಿಲ್‌ನವನೋ, ಹಾರ್ನ್ ಹೊಡೆದರೆ ಅವನೂ ಹೊಡೆಯುತ್ತಾನೆ. ರೇಸ್ ಬೇಕಾದರೆ ಎಂಟು ಜನರವರೆಗೆ ಕೂಡಬಹುದು. ಬೇಡವಾದರೆ ಸುಮ್ಮನೆ ಸುತ್ತಬಹುದು.

ಶುರುವಿನಲ್ಲಿ ಇದು ಪೂರ್ತಿ ಪುಕ್ಕಟೆ ಇರಲಿಲ್ಲ. ಹತ್ತನೇ ಮಟ್ಟದವರೆಗೆ ಉಚಿತ, ಅದರಾಚೆ ಹೋಗಬೇಕಾದರೆ 20 ಡಾಲರಿನ ಪ್ಯಾಕ್ ಕೊಳ್ಳಬೇಕು. ಆಗಿನ ಲೆಕ್ಕದಲ್ಲಿ ಸುಮಾರು 900 ರೂಪಾಯಿ. ದುಡ್ಡು ಹೊಂದಿಸಿದರೂ ಹೊರದೇಶಕ್ಕೆ ಕೊಡಲು ಕ್ರೆಡಿಟ್ ಕಾರ್ಡ್ ಬೇಕು. ವಿದ್ಯಾರ್ಥಿಗಳ ಹತ್ತಿರ ಅದೆಲ್ಲಿ? ಕೆಲವೇ ವಾರಗಳಲ್ಲಿ ಕಂಪನಿ ಈ ಮಿತಿ ತೆಗೆದುಹಾಕಿತು. ಆಟ ಎಲ್ಲರಿಗೂ ಉಚಿತ, ಆಟದೊಳಗೆ 'ಸ್ಪೀಡ್‌ಬೂಸ್ಟ್' ಎಂಬ ನಾಣ್ಯವನ್ನು ನಿಜವಾದ ಹಣಕ್ಕೆ ಮಾರುವುದು ಎಂದಾಯಿತು. ಒಳ್ಳೊಳ್ಳೆ ಕಾರುಗಳೆಲ್ಲ ಸ್ಪೀಡ್‌ಬೂಸ್ಟಿಗೆ ಮಾತ್ರ. ರೇಸ್ ಗೆದ್ದು ಗಳಿಸುವ ಸಾಧಾರಣ ದುಡ್ಡಿಗೆ ಸಾಧಾರಣ ಕಾರು. ನಮಗೆ ಅಷ್ಟು ಸಾಕಾಗಿತ್ತು. ಈ ವ್ಯಾಪಾರದ ವಿಧಾನವನ್ನು ನೆನಪಿಡಿ. ಊರು ಮುಚ್ಚಿದ್ದಕ್ಕೂ ಮುಚ್ಚಿದ ಮೇಲೆ ಏನೂ ಉಳಿಯದ್ದಕ್ಕೂ ಇದರ ಜತೆ ನಂಟಿದೆ.

ರಾತ್ರಿ ಎರಡರ ಮೇಲೆ

ನಮ್ಮ ಮನೆಯಲ್ಲಿ ಆಗ ಬಿಎಸ್‌ಎನ್‌ಎಲ್ ಬ್ರಾಡ್‌ಬ್ಯಾಂಡ್. ಹಗಲು ಬಳಸಿದ್ದಕ್ಕೆಲ್ಲ ಲೆಕ್ಕ, ರಾತ್ರಿ ಎರಡರಿಂದ ಬೆಳಿಗ್ಗೆ ಎಂಟರವರೆಗೆ ಎಷ್ಟು ಬೇಕಾದರೂ ಬಳಸಬಹುದು. ಆ ಪ್ಲಾನ್ ಇದ್ದ ಮನೆಗಳ ಹುಡುಗರೆಲ್ಲ ಆ ಕಾಲದಲ್ಲಿ ಗೂಬೆಗಳೇ. ಆಟವನ್ನು ಇಳಿಸಿಕೊಳ್ಳಲು ನನಗೆ ಎರಡು ರಾತ್ರಿ ಬೇಕಾಯಿತು. ಮೂರನೆಯ ರಾತ್ರಿ ಒಂದು ನೀಲಿ ನಿಸ್ಸಾನ್ 240 ಎಸ್‌ಎಕ್ಸ್ ಕೊಂಡು ಹೊರಟೆ.

ದೊಡ್ಡಪ್ಪನ ಮಗ ಆಗ ಹೈದರಾಬಾದಿನಲ್ಲಿದ್ದ. ನನಗಿಂತ ಆರು ವರ್ಷ ದೊಡ್ಡವನು, ಅಣ್ಣ ಅಂತಲೇ ಕರೆಯುವುದು. ರಾತ್ರಿ ಪಾಳಿ ಮುಗಿಸಿ ರೂಮಿಗೆ ಬರುವ ಹೊತ್ತಿಗೆ ಅವನಿಗೂ ಎರಡು ದಾಟಿರುತ್ತಿತ್ತು. ಫೋನಿನಲ್ಲಿ ನಮ್ಮಿಬ್ಬರ ಮಾತು 'ಊಟ ಆಯ್ತಾ, ಮಳೆ ಹೇಗಿದೆ' ಎಂಬಲ್ಲಿಗೆ ಮುಗಿಯುತ್ತಿತ್ತು. ಆಟದಲ್ಲಿ ಹಾಗಲ್ಲ. ದಿನಕ್ಕೆ ಹದಿನೈದು ಹರಳು ಹುಡುಕುವ 'ನಿಧಿ ಬೇಟೆ' ಎಂಬುದೊಂದಿತ್ತು. ದಿನ ತಪ್ಪಿಸದೆ ಹುಡುಕಿದಷ್ಟೂ ಬಹುಮಾನ ಹೆಚ್ಚು. ಅದೊಂದು ನೆಪ. ಅವನು ಮುಂದೆ, ನಾನು ಹಿಂದೆ, ಊರೆಲ್ಲ ಸುತ್ತುತ್ತ ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ ಟೈಪ್ ಮಾಡುತ್ತಿದ್ದೆವು. ಅಕ್ಕಪಕ್ಕ ಗಾಡಿ ಓಡಿಸುವಾಗ ಒಬ್ಬರ ಮುಖ ಒಬ್ಬರು ನೋಡಬೇಕಿಲ್ಲವಲ್ಲ, ಅದಕ್ಕೇ ಇರಬೇಕು, ಮಾತು ಸಲೀಸಾಗಿ ಬರುತ್ತಿತ್ತು.

2012ರಲ್ಲಿ ಒಂದು ರಾತ್ರಿ ಸಿಲ್ವರ್‌ಟನ್ ಬಡಾವಣೆಯಲ್ಲಿ ಅವನ ಕಾರು ಪಕ್ಕಕ್ಕೆ ನಿಂತಿತು. ನೆಟ್ ಹೋಯಿತೇನೋ ಅಂದುಕೊಂಡು ನಾನೂ ನಿಂತೆ. 'ಕೆಲಸ ಹೋಗಿ ಒಂದು ತಿಂಗಳಾಯ್ತು ಕಣೋ. ಮನೇಲಿ ಹೇಳ್ಬೇಡ' ಎಂದು ಬರೆದ. ರಾತ್ರಿ ಪಾಳಿ ಇಲ್ಲದೆಯೂ ಒಂದು ತಿಂಗಳಿಂದ ಅದೇ ಹೊತ್ತಿಗೆ ಅಭ್ಯಾಸಬಲದಿಂದ ಬರುತ್ತಿದ್ದ. ಎರಡು ತಿಂಗಳಲ್ಲಿ ಬೇರೆ ಕೆಲಸ ಸಿಕ್ಕಿತು. ದೊಡ್ಡಪ್ಪನಿಗೆ ಗೊತ್ತಾದದ್ದು ಆಮೇಲೆ. ಆ ಎರಡು ತಿಂಗಳು ಅವನ ಕಷ್ಟ ಗೊತ್ತಿದ್ದವನು ನಾನೊಬ್ಬನೇ, ಅದನ್ನು ಹೇಳಿಕೊಂಡ ಜಾಗ ಅದೊಂದೇ.

ನಮ್ಮಂಥವರ ಇಂಥ ಸಣ್ಣ ಸಂಗತಿಗಳು ಚರಿತ್ರೆಯ ಪುಸ್ತಕಕ್ಕೆ ಬರುವುದಿಲ್ಲ. ಆದರೆ ಊರು ಎನ್ನುವುದು ಇಂಥವು ಸೇರಿ ಆದದ್ದೇ ತಾನೆ?

ದಫ್ತರ ಯಾರ ಕೈಲಿ?

ನಮ್ಮ ತಾತ ಶಾನುಭೋಗಿಕೆ ಮಾಡಿದವರು. 'ಗದ್ದೆ ಯಾರದು ಅಂತ ಗದ್ದೆ ಹೇಳಲ್ಲ, ದಫ್ತರ ಹೇಳುತ್ತೆ' ಎನ್ನುತ್ತಿದ್ದರು. ಆನ್‌ಲೈನ್ ಆಟದ ಒಳಗುಟ್ಟನ್ನು ಇದಕ್ಕಿಂತ ಚೆನ್ನಾಗಿ ಹೇಳಲು ನನಗೆ ಬರುವುದಿಲ್ಲ.

ಪಾಮಾಂಟ್ ಸಿಟಿಯ ರಸ್ತೆ, ಕಟ್ಟಡ, ಕಾರಿನ ಆಕಾರ, ಎಂಜಿನ್ ಸದ್ದು ಎಲ್ಲವೂ ನಮ್ಮ ಕಂಪ್ಯೂಟರಿಗೇ ಇಳಿದು ಬಂದಿರುತ್ತಿತ್ತು. ಅಂದರೆ ಊರು ನಮ್ಮ ಮನೆಯಲ್ಲೇ ಇತ್ತು. ಕಂಪನಿಯ ಸರ್ವರಿನಲ್ಲಿ ಇದ್ದದ್ದು ದಫ್ತರ: ಈ ಹೆಸರಿನವನು ಯಾರು, ಅವನ ಗ್ಯಾರೇಜಿನಲ್ಲಿ ಯಾವ ಕಾರಿದೆ, ಕೈಯಲ್ಲಿ ದುಡ್ಡೆಷ್ಟು, ಎಷ್ಟನೇ ಮಟ್ಟ, ಇವತ್ತು ಎಷ್ಟು ಹರಳು ಸಿಕ್ಕಿದವು, ಅವನ ಸುತ್ತ ಈಗ ಯಾರ್‍ಯಾರು ಓಡಾಡುತ್ತಿದ್ದಾರೆ. ನಮ್ಮ ಕಡೆಯ ಆಟ ಹೆಜ್ಜೆಹೆಜ್ಜೆಗೂ ಅಲ್ಲಿಗೆ ಪ್ರಶ್ನೆ ಕಳಿಸಿ ಉತ್ತರಕ್ಕೆ ಕಾಯುತ್ತಿತ್ತು. ಉತ್ತರ ಬರದಿದ್ದರೆ ಊರಿನ ಬಾಗಿಲೇ ತೆರೆಯುವುದಿಲ್ಲ.

ತಂತ್ರಜ್ಞಾನಕ್ಕೆ ಹೀಗೇ ಇರಬೇಕೆಂಬ ಹಟವೇನಿಲ್ಲ. 1999ರಲ್ಲಿ ಅಕ್ಲೇಮ್ ಕಂಪನಿ ಹೊರತಂದ 'ರಿ-ವೋಲ್ಟ್' ಎಂಬ ಆಟಿಕೆ ಕಾರುಗಳ ರೇಸಿಂಗ್ ಆಟವನ್ನು ನೋಡಿ. ಅದರಲ್ಲಿ ಆಡುವವರಲ್ಲೇ ಒಬ್ಬರ ಕಂಪ್ಯೂಟರ್ ಯಜಮಾನಿಕೆ ವಹಿಸುತ್ತಿತ್ತು, ಉಳಿದವರು ಅದಕ್ಕೆ ಸೇರಿಕೊಳ್ಳುತ್ತಿದ್ದರು. 2004ರಲ್ಲಿ ಅಕ್ಲೇಮ್ ದಿವಾಳಿಯಾಯಿತು. 'ರಿ-ವೋಲ್ಟ್' ಮಾತ್ರ ಸಾಯಲಿಲ್ಲ. ಅಭಿಮಾನಿಗಳು ಅದರ ಎಂಜಿನನ್ನೇ ಹೊಸ ಕಂಪ್ಯೂಟರುಗಳಿಗೆ ತಕ್ಕಂತೆ ತಿದ್ದಿ ಬರೆದು ಇವತ್ತಿಗೂ ಜತೆಗೂಡಿ ಆಡುತ್ತಾರೆ. ದಫ್ತರ ಊರವರ ಕೈಲಿದ್ದುದರಿಂದ ಒಡೆಯ ಹೋದರೂ ಊರು ಉಳಿಯಿತು.

'ವರ್ಲ್ಡ್' ಆಟದಲ್ಲಿ ಹಾಗೆ ಮಾಡಲು ಬರುತ್ತಿರಲಿಲ್ಲ. ಆಟ ಪುಕ್ಕಟೆ, ಮಾರುವುದು ಸ್ಪೀಡ್‌ಬೂಸ್ಟ್ ನಾಣ್ಯ. ದಫ್ತರ ನನ್ನ ಮನೆಯಲ್ಲಿದ್ದರೆ ಸಾವಿರ ನಾಣ್ಯವನ್ನು ನಾನೇ ಬರೆದುಕೊಳ್ಳುತ್ತೇನಲ್ಲ! ಹಾಗಾಗಿ ಅದು ಕಂಪನಿಯ ಬೀರುವಿನಲ್ಲೇ ಇರಬೇಕಿತ್ತು. ಉಚಿತ ಎನ್ನುವುದಕ್ಕೆ ತೆತ್ತ ಬೆಲೆ ಇದು: ಆಟ ಎಷ್ಟು ಸುಲಭವಾಗಿ ನಮಗೆ ಸಿಕ್ಕಿತೋ ಅಷ್ಟೇ ಬಿಗಿಯಾಗಿ ಅದರ ಉಸಿರು ಒಂದೇ ಕಡೆ ಕಟ್ಟಿಹಾಕಿತ್ತು.

ಮುಚ್ಚಿದ ಊರುಗಳ ಸಾಲು

ಪಾಮಾಂಟ್ ಇಂಥ ಮೊದಲ ಊರೇನಲ್ಲ. ಇದೇ ಇಎ 2001ರಲ್ಲಿ 'ಮೋಟರ್ ಸಿಟಿ ಆನ್‌ಲೈನ್' ಎಂಬ ಆಟ ತೆರೆದಿತ್ತು. ಅಮೆರಿಕದ ಹಳೆಯ ಕಾರುಗಳನ್ನು ಕೊಂಡು, ಬಿಚ್ಚಿ ಜೋಡಿಸಿ, ಮಾರಿ, ಓಡಿಸುವ ಆಟ. ತಿಂಗಳಿಗಿಷ್ಟು ಎಂದು ಚಂದಾ. ಎರಡೇ ವರ್ಷದಲ್ಲಿ, 2003ರ ಆಗಸ್ಟಿನಲ್ಲಿ, ಅದು ನಿಂತಿತು. 2006ರಲ್ಲಿ ಫ್ರಾನ್ಸಿನ ಲಿಯಾನ್ ನಗರದ ಈಡನ್ ಗೇಮ್ಸ್ 'ಟೆಸ್ಟ್ ಡ್ರೈವ್ ಅನ್‌ಲಿಮಿಟೆಡ್' ಹೊರತಂದಿತು. ಹವಾಯಿಯ ಒವಾಹು ದ್ವೀಪದ ರಸ್ತೆಜಾಲವನ್ನೇ ಆಟದೊಳಕ್ಕೆ ಇಳಿಸಿ, ರೇಸ್ ಮೈದಾನ ಎಂಬುದನ್ನು ಒಂದು ವಾಸದ ಜಾಗವಾಗಿ ಮಾಡಿದ ಆಟ ಅದು. ಅದರ ಸರ್ವರುಗಳೂ ಕ್ರಮೇಣ ನಿಂತವು. 2014ರ ಮೇ 31ರಂದು ಗೇಮ್‌ಸ್ಪೈ ಎಂಬ ಸಂಸ್ಥೆ ತನ್ನ ಸೇವೆ ಕೊನೆಗೊಳಿಸಿದಾಗ ಅದನ್ನು ನೆಚ್ಚಿಕೊಂಡಿದ್ದ ಹತ್ತಾರು ಆಟಗಳ ಆನ್‌ಲೈನ್ ಭಾಗ ಒಟ್ಟಿಗೆ ಅಪಾಯಕ್ಕೆ ಸಿಕ್ಕಿತು.

ಪಾಮಾಂಟಿನ ಸರದಿ ಬಂದದ್ದು 2015ರ ಏಪ್ರಿಲ್ 15ಕ್ಕೆ. ಅಂದು ಇಎ ತನ್ನ ನಾಲ್ಕು ಉಚಿತ ಆಟಗಳನ್ನು ಮುಚ್ಚುವುದಾಗಿ ಪ್ರಕಟಿಸಿತು: ಎರಡು ಬ್ಯಾಟಲ್‌ಫೀಲ್ಡ್ ಆಟಗಳು, ಫಿಫಾ ವರ್ಲ್ಡ್, ಜತೆಗೆ ಇದು. ಕೊಟ್ಟ ಗಡುವು ತೊಂಬತ್ತು ದಿನ. ಆಟ ಕಟ್ಟಿದ್ದ ವ್ಯಾಂಕೂವರ್ ಸ್ಟುಡಿಯೊ ಅದಕ್ಕೂ ಎರಡು ವರ್ಷ ಮೊದಲೇ ಮುಚ್ಚಿಹೋಗಿತ್ತು. ಹೊಸ ನಾಣ್ಯ ಕೊಳ್ಳುವ ಬಾಗಿಲನ್ನು ಹಾಕಿದರು, ಇದ್ದ ನಾಣ್ಯ ಖರ್ಚು ಮಾಡಿಕೊಳ್ಳಲು ಬಿಟ್ಟರು. ಕಂಪನಿಯ ಕಡೆಯಿಂದ ನೋಡಿದರೆ ಲೆಕ್ಕ ಸರಳ: ಸರ್ವರ್ ನಡೆಸಲು ಯಂತ್ರ ಬೇಕು, ನೋಡಿಕೊಳ್ಳಲು ಜನ ಬೇಕು, ಮೋಸ ಮಾಡುವವರನ್ನು ಹಿಡಿಯಲು ಇನ್ನಷ್ಟು ಜನ ಬೇಕು. ನಾಣ್ಯ ಕೊಳ್ಳುವವರು ಕಡಿಮೆಯಾದ ದಿನ ಇವೆಲ್ಲ ದಂಡದ ಖರ್ಚು.

ನಾನು ಆಗ ಕೆಲಸಕ್ಕೆ ಸೇರಿ ಪುಣೆಗೆ ಬಂದಾಗಿತ್ತು. ಆಟ ಬಿಟ್ಟು ವರ್ಷ ಕಳೆದಿತ್ತು. ಮುಚ್ಚಿದ ಸುದ್ದಿ ಅಣ್ಣನೇ ಫೋನಿನಲ್ಲಿ ಹೇಳಿದ. 'ಹೋಗ್ಲಿ ಬಿಡು' ಎಂದೆವು. ಬಿಟ್ಟು ಬಂದ ಊರುಗಳ ಬಗ್ಗೆ ನಾವು ವಲಸಿಗರು ಸಾಮಾನ್ಯವಾಗಿ ಹೇಳುವ ಮಾತೇ ಅದು.

ದಫ್ತರ ಮತ್ತೆ ಬರೆದವರು

ಎಲ್ಲರೂ ಹೋಗ್ಲಿ ಬಿಡು ಅನ್ನಲಿಲ್ಲ. ಬೇರೆಬೇರೆ ದೇಶದ ಹವ್ಯಾಸಿ ಪ್ರೋಗ್ರಾಮರುಗಳು ಒಂದು ಸರಳ ಸಂಗತಿ ಹಿಡಿದು ಹೊರಟರು. ಊರು ಇನ್ನೂ ನಮ್ಮೆಲ್ಲರ ಹಾರ್ಡ್ ಡಿಸ್ಕಿನಲ್ಲಿ ಇದೆ. ಅದು ಪ್ರಶ್ನೆ ಕೇಳುತ್ತಲೇ ಇದೆ. ಉತ್ತರ ಹೇಳುವವರು ಬೇಕು ಅಷ್ಟೆ.

ಇಂಥ ಕೆಲಸದ ವಿಧಾನ ಸುಮಾರಾಗಿ ಹೀಗಿರುತ್ತದೆ. ಕಂಪನಿಯ ಸರ್ವರ್ ಪ್ರೋಗ್ರಾಂ ಹೊರಗಿನವರಿಗೆ ಸಿಗುವುದಿಲ್ಲ. ಅದು ಹೇಗೆ ಬರೆದಿತ್ತೋ ಗೊತ್ತಿಲ್ಲ. ಆದರೆ ಆಟ ಏನು ಕೇಳುತ್ತದೆ ಎಂಬುದನ್ನು ನಮ್ಮದೇ ಕಂಪ್ಯೂಟರಿನಲ್ಲಿ ನೋಡಬಹುದು. 'ವರ್ಲ್ಡ್' ಆಟದ ಬಹುಪಾಲು ಪ್ರಶ್ನೋತ್ತರ ವೆಬ್ ಪುಟಗಳು ಓಡಾಡುವ ಅದೇ ಎಚ್‌ಟಿಟಿಪಿ ದಾರಿಯಲ್ಲಿ, ಎಕ್ಸ್‌ಎಂಎಲ್ ರೂಪದಲ್ಲಿ ನಡೆಯುತ್ತಿತ್ತು. ಹರಟೆಗೆ ಎಕ್ಸ್‌ಎಂಪಿಪಿ ಎಂಬ ಎಲ್ಲರಿಗೂ ತಿಳಿದ ಪದ್ಧತಿ. ಬೀಗ ಹಾಕಿದ ಪೆಟ್ಟಿಗೆಯಾದರೂ ಮೇಲೆ ಬರೆದ ಲಿಪಿ ಓದಲು ಬರುವಂಥದ್ದು. ಒಂದೊಂದು ಪ್ರಶ್ನೆಗೂ ಒಂದೊಂದು ಉತ್ತರ ಬರೆದು ಕೊಟ್ಟು ನೋಡುವುದು. ಆಟ ಒಪ್ಪಿದರೆ ಮುಂದಿನ ಪ್ರಶ್ನೆ, ಒಪ್ಪದಿದ್ದರೆ ತಿದ್ದುವುದು. ಶಾಸನ ಓದುವವರು ಒಡೆದ ಕಲ್ಲಿನ ಕಾಣೆಯಾದ ಅಕ್ಷರ ತುಂಬುವ ಹಾಗೆ.

ಮೊದಲ ಹಂತದಲ್ಲಿ ಸಿಕ್ಕಿದ್ದು ಒಬ್ಬರೇ ಓಡಾಡುವ ಊರು. ನಿಮ್ಮ ಕಂಪ್ಯೂಟರಿನಲ್ಲೇ ಒಂದು ಸಣ್ಣ ಸರ್ವರ್ ಓಡುತ್ತದೆ, ನೀವು ಒಬ್ಬರೇ ಖಾಲಿ ಪಾಮಾಂಟಿನಲ್ಲಿ ಸುತ್ತುತ್ತೀರಿ. ಆಮೇಲೆ ಪರಸ್ಪರ ಕಾಣುವುದು ಸಾಧ್ಯವಾಯಿತು, ಆಮೇಲೆ ಜತೆಗೂಡಿ ರೇಸ್. ಈ ಕೆಲಸಕ್ಕೆ 'ಸೋಪ್‌ಬಾಕ್ಸ್ ರೇಸ್ ವರ್ಲ್ಡ್' ಎಂದು ಹೆಸರಾಯಿತು. ಬರೆದ ಪ್ರೋಗ್ರಾಮನ್ನು ಎಲ್ಲರಿಗೂ ತೆರೆದಿಟ್ಟರು. ಪರಿಣಾಮವಾಗಿ ಒಂದಲ್ಲ, ಹಲವು ಪಾಮಾಂಟುಗಳು ಹುಟ್ಟಿದವು. ಲಾಂಚರ್ ತೆರೆದರೆ ಸರ್ವರುಗಳ ಪಟ್ಟಿ ಬರುತ್ತದೆ. ಒಂದೊಂದಕ್ಕೂ ತನ್ನದೇ ನಿಯಮ, ತನ್ನದೇ ಜನ. 'ವರ್ಲ್ಡ್ ಯುನೈಟೆಡ್' ಅವುಗಳಲ್ಲಿ ಹೆಚ್ಚು ಹೆಸರಾದದ್ದು. ಡೇರೆ ಮೇಳ ನಿಂತ ಮೇಲೆ ಊರೂರಿನ ಹವ್ಯಾಸಿ ತಂಡಗಳು ಅದೇ ಪ್ರಸಂಗವನ್ನು ತಮ್ಮ ತಮ್ಮ ಮಟ್ಟಿನಲ್ಲಿ ಆಡಿದ ಹಾಗಾಯಿತು.

ಹೋಗಿ ನೋಡಿದ್ದು

ಹೊಸ ಖಾತೆ ತೆರೆಯಬೇಕಾಯಿತು. ಹಳೆಯ ಹೆಸರು ಖಾಲಿಯೇ ಇತ್ತು, ಅದನ್ನೇ ತೆಗೆದುಕೊಂಡೆ. ಮಟ್ಟ ಒಂದು. ಗ್ಯಾರೇಜ್ ಖಾಲಿ. ಸಹಜ. ಹೊಸ ದಫ್ತರದಲ್ಲಿ ಹಳೆಯ ಬರಹ ಇರಲು ಸಾಧ್ಯವೇ ಇಲ್ಲ. ಕಂಪನಿಯ ದಫ್ತರದ ಒಂದು ಹಾಳೆಯೂ ಈ ಕಡೆ ಬಂದಿಲ್ಲ. ಇಲ್ಲಿ ಎಲ್ಲರೂ ಹೊಸದಾಗಿ ಹೆಸರು ಬರೆಸಿದವರೇ.

ಆದರೆ ರಸ್ತೆಗಳು! ಕೈಗೆ ಇಷ್ಟೊಂದು ನೆನಪಿರುತ್ತದೆ ಎಂದು ನನಗೆ ತಿಳಿದಿರಲಿಲ್ಲ. ರೋಸ್‌ವುಡ್ ಬಿಟ್ಟು ಹೆದ್ದಾರಿ ಹತ್ತುವ ಜಾಗದಲ್ಲಿ ತಿರುವು ಕಾಣುವ ಮೊದಲೇ ಬೆರಳು ಬ್ರೇಕ್ ಒತ್ತಿತು. ಹತ್ತು ವರ್ಷ ಕಳೆದು ಊರಿಗೆ ಹೋದವನು ಕತ್ತಲಲ್ಲೂ ಅಂಗಳದ ಮೆಟ್ಟಿಲು ಎಡವದೆ ಇಳಿಯುತ್ತಾನಲ್ಲ, ಹಾಗೆ.

ಬದಲಾವಣೆಗಳೂ ಇದ್ದವು. ಮೂಲ ಆಟದಲ್ಲಿ ಇರದ ಕಾರುಗಳನ್ನು ಅಭಿಮಾನಿಗಳು ಮಾಡಿ ಸೇರಿಸಿದ್ದಾರೆ. ನಿಯಮಗಳನ್ನು ತಿದ್ದಿದ್ದಾರೆ. ಎದುರಾಳಿಗಳ ಮೇಲೆ ರಸ್ತೆಯ ವಾಹನಗಳನ್ನೆಲ್ಲ ನುಗ್ಗಿಸುವ 'ಟ್ರಾಫಿಕ್ ಮ್ಯಾಗ್ನೆಟ್' ಎಂಬ ಕುಚೋದ್ಯದ ಅಸ್ತ್ರ ಒಂದಿತ್ತು. ಈಗ ಎಷ್ಟೋ ರೇಸುಗಳನ್ನು ಅಸ್ತ್ರಗಳಿಲ್ಲದೆ ಬರಿ ಚಾಲನೆಯ ಮೇಲೆ ಆಡುತ್ತಾರೆ. ನಾನು ಒಂದು ರೂಪಾಯಿ ಖರ್ಚಿಲ್ಲದೆ ಮೂರು ವಾರದಲ್ಲಿ ಎರಡು ಕಾರು ಕೊಂಡೆ. ಒಂದು ನೀಲಿ 240 ಎಸ್‌ಎಕ್ಸ್. ಬಣ್ಣ ಹುಡುಕಿ ಹುಡುಕಿ ಸರಿಯಾಗಿ ಅದೇ ನೀಲಿ ಹಚ್ಚಿದೆ. ಚಕ್ರ ಯಾವುದಿತ್ತೋ ನೆನಪಾಗಲಿಲ್ಲ.

ಜನ ಕಡಿಮೆ. ಅದರಲ್ಲಿ ಬಹಳ ಮಂದಿ ಹಳಬರು, ನುರಿತವರು. ನಾನು ಗೆದ್ದ ರೇಸು ಬೆರಳೆಣಿಕೆಯಷ್ಟು. ಆದರೆ ಸೋತವನಿಗೂ ಮುಗಿದ ಮೇಲೆ ಒಂದು ಹಾರ್ನ್ ಹೊಡೆದು ಹೋಗುವ ಪದ್ಧತಿ ಉಳಿದಿದೆ.

ಒಂದು ಭಾನುವಾರ ಅಣ್ಣನನ್ನೂ ಕರೆದೆ. ಅವನಿಗೆ ಈಗ ನಲವತ್ತು ದಾಟಿದೆ, ಹೈದರಾಬಾದಿನಲ್ಲೇ ಮನೆ ಮಾಡಿದ್ದಾನೆ. ಮಗಳ ಲ್ಯಾಪ್‌ಟಾಪಿನಲ್ಲಿ ಬಂದ. ಸಿಲ್ವರ್‌ಟನ್‌ಗೆ ಹೋದೆವು. 'ಇಲ್ಲೇ ಅಲ್ವೇನೋ ನಿಲ್ಲಿಸಿದ್ದು?' ಎಂದ. 'ಆ ಕಡೆ ಕಣಣ್ಣ, ಸೇತುವೆ ಕೆಳಗೆ' ಎಂದೆ. ಅವನು ಅಲ್ಲ ಅಂದ, ನಾನು ಹೌದು ಅಂದೆ. ಇಬ್ಬರಲ್ಲಿ ಯಾರು ಸರಿ ಎಂದು ತೀರ್ಮಾನಿಸುವ ದಾಖಲೆ ಎಲ್ಲೂ ಇಲ್ಲ. ಜಾಗ ಮಾತ್ರ ಎರಡೂ ಹಾಗೇ ಇವೆ.

ಇದು ಸರಿಯೇ?

ಸಾಫ್ಟ್‌ವೇರ್ ಕೆಲಸದ ಓದುಗರಿಗೆ ಈ ಹೊತ್ತಿಗೆ ಈ ಪ್ರಶ್ನೆ ಬಂದಿರುತ್ತದೆ. ಆಟ ಇಂದಿಗೂ ಇಎಯ ಸೊತ್ತು. ಬೇರೆಯವರು ಅದಕ್ಕೆ ಸರ್ವರ್ ನಡೆಸಬಹುದೇ?

ಅಮೆರಿಕದಲ್ಲಿ ಇದಕ್ಕೊಂದು ಹೆಸರಾದ ಮೊಕದ್ದಮೆ ಇದೆ. 1998ರಲ್ಲಿ ಕೆಲವು ಹವ್ಯಾಸಿಗಳು ಬ್ಲಿಜರ್ಡ್ ಕಂಪನಿಯ ಆಟಗಳಿಗೆ 'ಬಿನೆಟ್‌ಡಿ' ಎಂಬ ಬದಲಿ ಸರ್ವರ್ ಬರೆಯತೊಡಗಿದರು. ಕಂಪನಿ ಕೋರ್ಟಿಗೆ ಹೋಯಿತು. 2005ರಲ್ಲಿ ಮೇಲ್ಮನವಿ ನ್ಯಾಯಾಲಯ ಕಂಪನಿಯ ಪರ ತೀರ್ಪು ಕೊಟ್ಟಿತು. ಕಳ್ಳಪ್ರತಿ ಇಟ್ಟುಕೊಂಡವರೂ ಆ ಸರ್ವರಿನಲ್ಲಿ ಆಡಬಹುದಿತ್ತು ಎನ್ನುವುದು ಅಲ್ಲಿ ಮುಖ್ಯವಾಯಿತು. ಆದರೆ ಆಗ ಕಂಪನಿಯ ಸರ್ವರ್ ಜೀವಂತ ಇತ್ತು. ಒಡೆಯನೇ ಕೈಬಿಟ್ಟ ಆಟದ ಮಾತು ಬೇರೆ ಎಂಬ ವಾದಕ್ಕೆ ಆಮೇಲೆ ಸ್ವಲ್ಪ ಸ್ವಲ್ಪ ಜಾಗ ಸಿಕ್ಕಿತು. ಅಲ್ಲಿನ ಕಾಪಿರೈಟ್ ವಿನಾಯಿತಿಗಳನ್ನು ಮೂರು ವರ್ಷಕ್ಕೊಮ್ಮೆ ಪರಿಶೀಲಿಸುತ್ತಾರೆ. 2015ರಲ್ಲಿ, ಗುರುತು ಪರೀಕ್ಷಿಸುವ ಸರ್ವರ್ ನಿಂತುಹೋದ ಆಟಗಳನ್ನು ಕೊಂಡವರು ಒಬ್ಬರೇ ಆಡಿಕೊಳ್ಳಲು ಬೀಗ ಒಡೆಯಬಹುದು ಎಂದರು. 2018ರಲ್ಲಿ ಓಕ್‌ಲ್ಯಾಂಡಿನ ಒಂದು ಗೇಮ್ ಮ್ಯೂಸಿಯಂ ಕೇಳಿಕೊಂಡ ಮೇಲೆ, ಗ್ರಂಥಾಲಯ ಮತ್ತು ಮ್ಯೂಸಿಯಂಗಳು ತಮ್ಮ ಆವರಣದೊಳಗೆ ಆನ್‌ಲೈನ್ ಆಟಗಳನ್ನು ಸಂರಕ್ಷಿಸಬಹುದು ಎಂದರು. ಆದರೆ ಸರ್ವರ್ ಪ್ರೋಗ್ರಾಂ ಕೂಡ ಅವರ ಕೈಗೆ ನ್ಯಾಯವಾಗಿ ಬಂದಿರಬೇಕು. ದಫ್ತರವೇ ಇಲ್ಲದ ಪಾಮಾಂಟಿನಂಥ ಊರಿಗೆ ಇದರಿಂದ ಪ್ರಯೋಜನವಿಲ್ಲ.

ನಮ್ಮ ದೇಶದ ಕಾಯ್ದೆಯನ್ನು ಕುತೂಹಲಕ್ಕೆ ತೆರೆದು ನೋಡಿದೆ. 1957ರ ಕೃತಿಸ್ವಾಮ್ಯ ಕಾಯ್ದೆಗೆ 1999ರಲ್ಲಿ ಸೇರಿಸಿದ ಒಂದು ಉಪಬಂಧ 52ನೇ ಸೆಕ್ಷನ್ನಿನಲ್ಲಿದೆ. ನ್ಯಾಯವಾಗಿ ಒಂದು ಪ್ರೋಗ್ರಾಂ ಹೊಂದಿರುವವನು, ಸ್ವತಂತ್ರವಾಗಿ ಬರೆದ ಇನ್ನೊಂದು ಪ್ರೋಗ್ರಾಂ ಅದರ ಜತೆ ಹೊಂದಿಕೊಂಡು ಕೆಲಸ ಮಾಡಲು ಬೇಕಾದ ಮಾಹಿತಿ ಬೇರೆಡೆ ಸುಲಭವಾಗಿ ಸಿಗದಿದ್ದರೆ, ಅದನ್ನು ಪಡೆಯಲು ಅವಶ್ಯವಾದದ್ದನ್ನು ಮಾಡಬಹುದು ಎನ್ನುತ್ತದೆ. ಪ್ರೋಗ್ರಾಂ ಹೇಗೆ ಕೆಲಸ ಮಾಡುತ್ತದೆ ಎಂದು ಗಮನಿಸಿ ಅಭ್ಯಾಸ ಮಾಡುವುದಕ್ಕೂ ಅವಕಾಶವಿದೆ. ಪ್ರಶ್ನೆ ನೋಡಿ ಉತ್ತರ ಬರೆಯುವ ಕೆಲಸಕ್ಕೆ ಈ ಮಾತು ಬಹಳ ಹತ್ತಿರ. ಆದರೆ ರಸ್ತೆ, ಕಾರು, ಚಿತ್ರಗಳಿರುವ ಆಟದ ಫೈಲುಗಳನ್ನು ಹಂಚುವುದಕ್ಕೆ ಇದು ಪರವಾನಗಿಯಲ್ಲ. ಸರ್ವರ್ ಬರೆದವರದು, ಊರು ಕಂಪನಿಯದು ಎಂಬ ಈ ಎರಡು ನೆಲೆಯ ನಡುವೆಯೇ ಅಭಿಮಾನಿಗಳ ಊರುಗಳು ನಿಂತಿವೆ.

ಲಿಯಾನ್‌ನಿಂದ ಬಂದ ಎರಡನೇ ಪಾಠ

ಈ ಪ್ರಶ್ನೆ ಹವ್ಯಾಸಿಗಳ ಮೂಲೆಯಿಂದ ಸಂಸತ್ತಿನ ಬಾಗಿಲವರೆಗೆ ಹೋದದ್ದು ಇನ್ನೊಂದು ರೇಸಿಂಗ್ ಆಟದಿಂದ. ಈಡನ್ ಗೇಮ್ಸ್ ಬಿಟ್ಟು ಬಂದವರು ಅದೇ ಲಿಯಾನ್ ನಗರದಲ್ಲಿ ಐವರಿ ಟವರ್ ಎಂಬ ಸ್ಟುಡಿಯೊ ಕಟ್ಟಿದರು. ಅವರ 'ದಿ ಕ್ರೂ' 2014ರ ಡಿಸೆಂಬರಿನಲ್ಲಿ ಯೂಬಿಸಾಫ್ಟ್ ಮೂಲಕ ಬಂತು. ಇಡೀ ಅಮೆರಿಕವನ್ನು ಕಿರಿದು ಮಾಡಿ ಒಂದೇ ಭೂಪಟದಲ್ಲಿ ಕೊಟ್ಟ ಆಟ. ಪುಕ್ಕಟೆಯದಲ್ಲ, ಅಂಗಡಿಯಲ್ಲಿ ಪೂರ್ತಿ ಬೆಲೆ ಕೊಟ್ಟು ಕೊಳ್ಳುವಂಥದ್ದು. ಆದರೂ ಒಬ್ಬರೇ ಆಡುವಾಗಲೂ ಸರ್ವರ್ ಬೇಕೇ ಬೇಕು. 2024ರ ಮಾರ್ಚ್ 31ರಂದು ಸರ್ವರ್ ನಿಂತಿತು. ಡಿಸ್ಕ್ ಕೊಂಡವರ ಕೈಯಲ್ಲಿ ಡಿಸ್ಕ್ ಮಾತ್ರ ಉಳಿಯಿತು.

ಅದಾದ ಎರಡೇ ದಿನಕ್ಕೆ ರಾಸ್ ಸ್ಕಾಟ್ ಎಂಬ ಯೂಟ್ಯೂಬರ್ 'ಸ್ಟಾಪ್ ಕಿಲ್ಲಿಂಗ್ ಗೇಮ್ಸ್' ಚಳವಳಿ ಶುರುಮಾಡಿದರು. ಅದರ ಬೇಡಿಕೆ ಸರ್ವರುಗಳನ್ನು ಸದಾಕಾಲ ನಡೆಸಿ ಎಂದಲ್ಲ. ನಿಲ್ಲಿಸುವಾಗ ಕೊಂಡವರು ತಾವೇ ಆಡಿಕೊಳ್ಳುವಂತೆ ಏನಾದರೂ ದಾರಿ ಬಿಟ್ಟು ಹೋಗಿ ಎಂದು. ನನ್ನ ಭಾಷೆಯಲ್ಲಿ, ಹೋಗುವಾಗ ದಫ್ತರ ಬರೆಯುವ ಕ್ರಮವನ್ನಾದರೂ ಊರವರಿಗೆ ಹೇಳಿಕೊಟ್ಟು ಹೋಗಿ ಎಂದು. ಯುರೋಪಿಯನ್ ಒಕ್ಕೂಟದಲ್ಲಿ ನಾಗರಿಕರು ಸಲ್ಲಿಸುವ ಮನವಿಗೆ 10 ಲಕ್ಷ ಸಹಿ ಬೇಕು. 2025ರ ಜುಲೈನಲ್ಲಿ ಅದು ದಾಟಿತು. ಕ್ಯಾಲಿಫೋರ್ನಿಯಾ 2025ರ ಜನವರಿಯಿಂದ ಜಾರಿಗೆ ತಂದ ಕಾನೂನಿನ ಪ್ರಕಾರ, ಹೀಗೆ ವಾಪಸ್ ಪಡೆಯಬಹುದಾದ ಡಿಜಿಟಲ್ ಸರಕನ್ನು ಮಾರುವವರು ಇದು ಪರವಾನಗಿ ಮಾತ್ರ, ಒಡೆತನವಲ್ಲ ಎಂದು ತಿಳಿಸಬೇಕು. ಯೂಬಿಸಾಫ್ಟ್ ತನ್ನ ಸರಣಿಯ ಮುಂದಿನ ಆಟಗಳಿಗೆ ಅಂತರ್ಜಾಲವಿಲ್ಲದೆ ಆಡುವ ವ್ಯವಸ್ಥೆ ಕೊಡುವುದಾಗಿ 2024ರಲ್ಲೇ ಹೇಳಿತು. 2025ರ ಸೆಪ್ಟೆಂಬರಿನಲ್ಲಿ ಅಭಿಮಾನಿಗಳು 'ದಿ ಕ್ರೂ' ಆಟಕ್ಕೂ ತಮ್ಮದೇ ಸರ್ವರ್ ಪ್ರೋಗ್ರಾಂ ಬರೆದು ಬಿಡುಗಡೆ ಮಾಡಿದರು.

ಪಾಮಾಂಟ್ ಮುಚ್ಚಿದಾಗ ಇದ್ಯಾವುದೂ ಇರಲಿಲ್ಲ. ಉಚಿತದ ಆಟ, ಯಾರೂ ಏನೂ ಕೊಂಡಿಲ್ಲ, ಆದ್ದರಿಂದ ಯಾರಿಗೂ ಕೇಳುವ ಹಕ್ಕಿಲ್ಲ ಎಂದೇ ಎಲ್ಲರೂ ತಿಳಿದಿದ್ದರು. ಹಣ ಕೊಟ್ಟವರ ಹಕ್ಕಿನ ಮಾತನ್ನು ಕಾನೂನು ಈಗ ಕೇಳಿಸಿಕೊಳ್ಳತೊಡಗಿದೆ. ಹೊತ್ತು ಕೊಟ್ಟವರ ಹಕ್ಕಿಗೆ ಇನ್ನೂ ಯಾವ ಕಾನೂನಿನಲ್ಲೂ ಹೆಸರಿಲ್ಲ.

ಉಳಿದದ್ದು

ಮೊದಲಿನ ಪ್ರಶ್ನೆಗೆ ನನಗೆ ಸಿಕ್ಕ ಉತ್ತರ ಇಷ್ಟು. ಊರು ಮುಚ್ಚಿದಾಗ ಹೋದದ್ದು ರಸ್ತೆ ಕಟ್ಟಡ ಅಲ್ಲ. ಯಾರು ಎಲ್ಲಿದ್ದರು, ಏನು ಗಳಿಸಿದ್ದರು, ಯಾರ ಹತ್ತಿರ ಏನು ಹೇಳಿದ್ದರು ಎಂಬ ಬರಹ. ಅಭಿಮಾನಿಗಳು ತಿರುಗಿ ತಂದದ್ದು ಆ ಬರಹವನ್ನಲ್ಲ, ಬರೆಯುವ ಕ್ರಮವನ್ನು. ಹಳೆಯ ಹಾಳೆಗಳನ್ನು ತರುವ ಶಕ್ತಿ ಯಾರಿಗೂ ಇಲ್ಲ. ಆದರೆ ಹೊಸ ಹಾಳೆಗೆ ಜಾಗ ಆಯಿತು. ಆ ಜಾಗ ಇರದಿದ್ದರೆ ಅಣ್ಣನೂ ನಾನೂ ಸೇತುವೆಯ ಬಗ್ಗೆ ಜಗಳವಾಡುತ್ತಿರಲಿಲ್ಲ. ಅವನು ಕೆಲಸ ಕಳೆದುಕೊಂಡಿದ್ದ ಆ ಎರಡು ತಿಂಗಳ ಬಗ್ಗೆ ನಾವಿಬ್ಬರೂ ಬಾಯಿಬಿಟ್ಟು ಮಾತಾಡಿದ್ದು ಅದೇ ಜಗಳ ಮುಗಿದ ಮೇಲೆ, ಹದಿಮೂರು ವರ್ಷದಲ್ಲಿ ಮೊದಲ ಸಲ, ಫೋನಿನಲ್ಲಿ.

ಅಭಿಮಾನಿಗಳ ಊರೂ ಶಾಶ್ವತವಲ್ಲ. ಸರ್ವರ್ ಬಾಡಿಗೆಯನ್ನು ಯಾರೋ ತಿಂಗಳು ತಿಂಗಳು ಕಟ್ಟುತ್ತಿದ್ದಾರೆ, ಯಾರೋ ನಿದ್ದೆಗೆಟ್ಟು ರಿಪೇರಿ ಮಾಡುತ್ತಿದ್ದಾರೆ. ಅವರಿಗೂ ಸಂಸಾರ, ವಯಸ್ಸು, ಬೇಸರ ಬರುತ್ತದೆ. ಆದರೆ ಅವರು ದಫ್ತರ ಬರೆಯುವ ಕ್ರಮವನ್ನು ಬೀರುವಿನಲ್ಲಿ ಬೀಗ ಹಾಕಿ ಇಟ್ಟಿಲ್ಲ, ಚಾವಡಿಯ ಮೇಲೆ ಬಿಚ್ಚಿಟ್ಟಿದ್ದಾರೆ. ಇವರು ಬಿಟ್ಟರೆ ಇನ್ನೊಬ್ಬರು ಎತ್ತಿಕೊಳ್ಳಬಹುದು. ನಿಮ್ಮಲ್ಲಿ ಯಾರಿಗಾದರೂ ಆ ಊರಿನ ರಸ್ತೆ ನೆನಪಿದ್ದರೆ ಒಮ್ಮೆ ಹೋಗಿ ಬನ್ನಿ. ಜತೆಗೆ ಆಡುತ್ತಿದ್ದವರನ್ನೂ ಕರೆದುಕೊಂಡು ಹೋಗಿ.